ಸಯನೋಜೆನಿಕ್ ಗ್ಲೈಕೋಸೈಡ್ ಅಂದ್ರೆ ಏನು? ಎಳೆ ಜೋಳ ಮೇಯಿಸೋ ಮುಂಚೆ ಈ ಒಂದು ಪದ ತಿಳ್ಕೊಳ್ಳಿ



ಹೋದ ತಿಂಗಳು ಪರಿಚಯದ ಹುಡುಗನೊಬ್ಬ ಫೋನ್ ಮಾಡಿದ್ದ. ಎರಡು ಎಮ್ಮೆ, ನಾಲ್ಕು ಹಸು ಸಾಕಿದ್ದಾನೆ. ಮೇವಿನ ಜೋಳ ಬಿತ್ತೋಣ ಅಂತ ಮೊಬೈಲ್‌ನಲ್ಲಿ ಹುಡುಕ್ತಾ ಕೂತಾಗ ಒಂದು ಕಡೆ 'ಜೋಳದಲ್ಲಿ ಸಯನೋಜೆನಿಕ್ ಗ್ಲೈಕೋಸೈಡ್ ಇರುತ್ತದೆ' ಅಂತ ಓದಿದ್ದಾನೆ. ಅದರಲ್ಲಿ ಅವನಿಗೆ ಅರ್ಥ ಆಗಿದ್ದು 'ಸಯನೈಡ್' ಅನ್ನೋ ಭಾಗ ಮಾತ್ರ. "ಅಣ್ಣಾ, ಜೋಳದಾಗ ಸಯನೈಡ್ ಐತಂತ. ಬಿತ್ತೋದೇ ಬ್ಯಾಡೇನು?" ಅಂತ ಕೇಳಿದ.

ಅವನನ್ನು ನೋಡಿ ನಗುವ ಹಾಗಿಲ್ಲ. ಇದೇ ಪದವನ್ನು ತಪ್ಪಾಗಿ ತಿಳ್ಕೊಂಡು ನಮ್ಮ ಮನೆಯವರು ಒಂದು ಎತ್ತು ಕಳಕೊಂಡಿದ್ದಲ್ಲದೆ, ಪಕ್ಕದ ಹೊಲದವರ ಜೊತೆ ಎರಡು ವರ್ಷ ಮಾತು ಬಿಟ್ಟಿದ್ದೆವು. ಅದಕ್ಕೇ ಈ ವಾರ ಈ ಪದವನ್ನೇ ಬಿಡಿಸಿ ಹೇಳ್ತೀನಿ. ಅರ್ಥ ಸರಿಯಾಗಿ ತಲೆಗೆ ಹೋದರೆ ಜೋಳದ ಮೇವು ಯಾವಾಗ ಅಮೃತ, ಯಾವಾಗ ವಿಷ ಅನ್ನೋದನ್ನು ನೀವೇ ಲೆಕ್ಕ ಹಾಕಬಹುದು.

ನಮ್ಮ ಎತ್ತಿನ ಕತೆ

ನಮ್ಮದು ವಿಜಯಪುರ ಜಿಲ್ಲೆಯ ಎರೆಭೂಮಿ. ಹಿಂಗಾರಿ ಬಂತೂಂದ್ರೆ ಮಾಲದಂಡಿ ಜೋಳ. ಸಾಮಾನ್ಯವಾಗಿ ನಾವು ಜೋಳವನ್ನು ಬೇರುಸಹಿತ ಕಿತ್ತುಬಿಡ್ತೀವಿ. ಆ ವರ್ಷ ಆಳು ಸಿಗದೆ ಕುಡಗೋಲಿನಲ್ಲಿ ಕೊಯ್ದಿದ್ದೆವು. ಬುಡ ಎಲ್ಲ ಹೊಲದಲ್ಲೇ ಉಳೀತು. ಏಪ್ರಿಲ್‌ನಲ್ಲಿ ಒಂದು ದೊಡ್ಡ ಅಡ್ಡಮಳೆ ಬಿತ್ತು. ಹತ್ತು ಹನ್ನೆರಡು ದಿನದಲ್ಲಿ ಆ ಬುಡಗಳಿಂದ ಕೂಳೆ ಚಿಗುರಿ ಗೇಣುದ್ದ ನಿಂತಿತು. ಸುತ್ತಲೂ ಒಣಗಿದ ನೆಲ, ನಮ್ಮ ಹೊಲ ಮಾತ್ರ ಹಸಿರು.

ಹಸಿದಿದ್ದ ಎತ್ತು ಹಗ್ಗ ಹರ್ಕೊಂಡು ಅಲ್ಲಿಗೆ ಹೋಯ್ತು. ನಾನು ಆಗ ಪಿಯುಸಿ ಓದ್ತಿದ್ದೆ. ಯಾರೋ ಕೂಗಿದ್ದು ಕೇಳಿ ಓಡಿ ಹೋಗುವಷ್ಟರಲ್ಲಿ ಅದು ಬಾಯಿ ತೆರೆದು ಏದುಸಿರು ಬಿಡ್ತಿತ್ತು. ಬಾಯಲ್ಲಿ ನೊರೆ, ಕಾಲು ತತ್ತರಿಸ್ತಿದ್ದವು. ಅರ್ಧ ತಾಸಿನೊಳಗೆ ಬಿದ್ದು ಪ್ರಾಣ ಬಿಟ್ಟಿತು. ಡಾಕ್ಟರ್ ಬಂದಾಗ ಎಲ್ಲ ಮುಗಿದಿತ್ತು. ಅವರು ಕಣ್ಣು, ವಸಡು ನೋಡಿ, ಹೊಲದ ಕಡೆ ಒಮ್ಮೆ ನೋಡಿ, "ಸಯನೈಡ್ ಪಾಯ್ಸನ್" ಅಂತಷ್ಟೇ ಹೇಳಿ ಇನ್ನೊಂದು ಊರಿಗೆ ಹೋಗೋದಿದೆ ಅಂತ ಗಾಡಿ ಹತ್ತಿದರು.

ಅಪ್ಪನಿಗೆ ಕೇಳಿಸಿದ್ದು 'ಸಯನೈಡ್'. ಸಯನೈಡ್ ಅಂದ್ರೆ ಅಂಗಡಿಯಿಂದ ತಂದು ಯಾರೋ ಹಾಕೋ ವಿಷ ಅಂತಲೇ ಅವರ ತಿಳುವಳಿಕೆ. ಆ ಸಮಯಕ್ಕೆ ಪಕ್ಕದ ಹೊಲದವರ ಜೊತೆ ಬದುವಿನ ತಕರಾರು ನಡೀತಿತ್ತು. "ಅವರೇ ವಿಷಾ ಹಾಕ್ಯಾರ" ಅಂತ ಅಪ್ಪ ತೀರ್ಮಾನ ಮಾಡಿಬಿಟ್ಟರು. ಊರ ಕುರಿ ಕಾಯೋ ಅಜ್ಜ ಒಬ್ಬರು "ಕೂಳೆ ತಿಂದು ಸತ್ತೈತಿ, ಯಾರೂ ಏನೂ ಹಾಕಿಲ್ಲ" ಅಂತ ಹೇಳಿದ್ದು ಯಾರ ಕಿವಿಗೂ ಹೋಗಲಿಲ್ಲ. ಡಾಕ್ಟರ್ ಮಾತೂ ಸರಿ ಇತ್ತು, ಅಜ್ಜನ ಮಾತೂ ಸರಿ ಇತ್ತು. ಎರಡೂ ಒಂದೇ ಮಾತು ಅನ್ನೋದು ನನಗೆ ಗೊತ್ತಾಗಿದ್ದು ಎರಡು ವರ್ಷ ಆದ ಮೇಲೆ, ಕೃಷಿ ಡಿಪ್ಲೊಮಾ ತರಗತಿಯಲ್ಲಿ ಈ ಪದ ಕೇಳಿದಾಗ.

ಪದವನ್ನು ಮೂರು ತುಂಡು ಮಾಡೋಣ

ಸಯನೋ + ಜೆನಿಕ್ + ಗ್ಲೈಕೋಸೈಡ್.

'ಸಯನೋ' ಅಂದ್ರೆ ಗ್ರೀಕ್ ಭಾಷೆಯಲ್ಲಿ ನೀಲಿ. ವಿಷಕ್ಕೂ ನೀಲಿಗೂ ಏನು ಸಂಬಂಧ? 1782ರಲ್ಲಿ ಶೀಲೆ ಅನ್ನೋ ರಸಾಯನ ವಿಜ್ಞಾನಿ ಪ್ರಷ್ಯನ್ ಬ್ಲೂ ಅನ್ನೋ ನೀಲಿ ಬಣ್ಣದಿಂದ ಈ ಆಮ್ಲವನ್ನು ತಯಾರಿಸಿದ. ಅದಕ್ಕೇ ಇದಕ್ಕೆ 'ಪ್ರಸ್ಸಿಕ್ ಆಮ್ಲ' ಅಂತಲೂ ಹೆಸರು ಬಂತು. ಇದರ ರಾಸಾಯನಿಕ ಹೆಸರು ಹೈಡ್ರೋಜನ್ ಸಯನೈಡ್, ನೀರಿನಲ್ಲಿ ಕರಗಿದಾಗ ಹೈಡ್ರೋಸಯಾನಿಕ್ ಆಮ್ಲ. ಚಿಕ್ಕದಾಗಿ ಎಚ್‌ಸಿಎನ್. ಈ ಎಲ್ಲ ಹೆಸರೂ ಒಂದೇ ವಸ್ತುವಿಗೆ.

'ಜೆನಿಕ್' ಅಂದ್ರೆ ಹುಟ್ಟಿಸುವ. ನಮ್ಮ 'ಜನಕ', 'ಜನನ' ಪದಗಳಿಗೂ ಇದಕ್ಕೂ ಮೂಲ ಒಂದೇ. ಸಾರಜನಕ, ಆಮ್ಲಜನಕ ಅಂತ ಶಾಲೆಯಲ್ಲಿ ಓದಿದ್ದೀರಲ್ಲ, ಅದೇ 'ಜನಕ'. ಹಾಗಾಗಿ ಸಯನೋಜೆನಿಕ್ ಅಂದ್ರೆ 'ಸಯನೈಡ್ ಜನಕ'. ಸಯನೈಡ್ ಇರುವಂಥದ್ದು ಅಂತ ಅರ್ಥ ಅಲ್ಲ, ಸಯನೈಡ್ ಹುಟ್ಟಿಸಬಲ್ಲದ್ದು ಅಂತ ಅರ್ಥ. ಈ ಲೇಖನದಲ್ಲಿ ಒಂದೇ ಒಂದು ಸಾಲು ನೆನಪಿಟ್ಟುಕೊಳ್ಳೋದಾದರೆ ಇದನ್ನು ಇಟ್ಟುಕೊಳ್ಳಿ.

'ಗ್ಲೈಕೋಸೈಡ್' ಅಂದ್ರೆ ಸಕ್ಕರೆಗೆ ಕಟ್ಟಿಹಾಕಿದ ವಸ್ತು. ಒಂದು ಕಡೆ ಸಕ್ಕರೆ, ಇನ್ನೊಂದು ಕಡೆ ಸಕ್ಕರೆ ಅಲ್ಲದ ಭಾಗ, ನಡುವೆ ಒಂದು ಗಂಟು. ಕಟ್ಟಿದ ಸಕ್ಕರೆ ಗ್ಲೂಕೋಸ್ ಆಗಿದ್ದರೆ ಅದನ್ನು ಗ್ಲುಕೋಸೈಡ್ ಅಂತಲೂ ಬರೀತಾರೆ. ಗ್ಲೈಕೋಸೈಡ್‌ಗಳೆಲ್ಲ ವಿಷ ಅಲ್ಲ. ಹೂವಿನ ಕೆಂಪು ನೇರಳೆ ಬಣ್ಣ ಕೊಡೋ ಆಂಥೋಸಯನಿನ್ ಕೂಡ ಗ್ಲೈಕೋಸೈಡೇ. ಹೆಸರಲ್ಲಿ 'ಸಯನಿನ್' ಇದ್ದರೂ ಅದರಲ್ಲಿ ಸಯನೈಡ್ ಇಲ್ಲ. ಅಲ್ಲಿ 'ನೀಲಿ' ಅನ್ನೋ ಅರ್ಥ ಮಾತ್ರ ಉಳಿದಿದೆ.

ಜೋಳದಲ್ಲಿರೋ ಸಯನೋಜೆನಿಕ್ ಗ್ಲೈಕೋಸೈಡ್‌ಗೆ 'ಧುರಿನ್' ಅಂತ ಹೆಸರು. ಅರಬ್ಬೀ ಭಾಷೆಯಲ್ಲಿ ಜೋಳಕ್ಕೆ 'ಧುರಾ' ಅಂತಾರೆ. 1902ರಲ್ಲಿ ಡನ್‌ಸ್ಟನ್ ಮತ್ತು ಹೆನ್ರಿ ಅನ್ನೋ ಇಬ್ಬರು ವಿಜ್ಞಾನಿಗಳು ಎಳೆ ಜೋಳದಿಂದ ಇದನ್ನು ಬೇರ್ಪಡಿಸಿ ಈ ಹೆಸರಿಟ್ಟರು.

ಬೀಗ ಒಂದು ಕೋಣೆಯಲ್ಲಿ, ಕೀಲಿ ಇನ್ನೊಂದು ಕೋಣೆಯಲ್ಲಿ

ಈರುಳ್ಳಿ ಗಡ್ಡೆಯನ್ನು ಕೈಯಲ್ಲಿ ಹಿಡ್ಕೊಂಡರೆ ಕಣ್ಣು ಉರಿಯಲ್ಲ. ಹೆಚ್ಚಿದ ತಕ್ಷಣ ಉರಿಯುತ್ತೆ. ಯಾಕೆ? ಕಣ್ಣು ಉರಿಸೋ ವಸ್ತು ಗಡ್ಡೆಯಲ್ಲಿ ಮೊದಲೇ ತಯಾರಾಗಿ ಕೂತಿರಲ್ಲ. ಕಚ್ಚಾ ವಸ್ತು ಒಂದು ಕಡೆ, ಅದನ್ನು ಒಡೆಯೋ ಕಿಣ್ವ ಇನ್ನೊಂದು ಕಡೆ ಇರುತ್ತೆ. ಚಾಕು ಬಿದ್ದಾಗ ಎರಡೂ ಸೇರಿ ಆ ವಸ್ತು ಹುಟ್ಟುತ್ತೆ.

ಜೋಳದ ಎಲೆಯಲ್ಲೂ ಇದೇ ವ್ಯವಸ್ಥೆ. ಧುರಿನ್ ಇರೋದು ಎಲೆಯ ಹೊರಪದರದ ಜೀವಕೋಶಗಳಲ್ಲಿ. ಅದನ್ನು ಒಡೆಯೋ ಕಿಣ್ವ ಇರೋದು ಒಳಗಿನ ಹಸಿರು ಜೀವಕೋಶಗಳಲ್ಲಿ. ಎಲೆ ಸುಮ್ಮನೆ ನಿಂತಿರೋವರೆಗೆ ಇಬ್ಬರೂ ಭೇಟಿ ಆಗಲ್ಲ. ದನ ಅಗಿದಾಗ, ಹುಳ ಕಡಿದಾಗ, ಮೇವು ಕತ್ತರಿಸೋ ಯಂತ್ರಕ್ಕೆ ಹಾಕಿದಾಗ ಗೋಡೆ ಒಡೆದು ಎರಡೂ ಬೆರೆಯುತ್ತವೆ. ಮೊದಲು ಗ್ಲೂಕೋಸ್‌ನ ಗಂಟು ಬಿಚ್ಚುತ್ತೆ. ಆಮೇಲೆ ಉಳಿದ ಭಾಗ ಮುರಿದು ಎಚ್‌ಸಿಎನ್ ಹೊರಬರುತ್ತೆ.

ದನ, ಎಮ್ಮೆ, ಕುರಿ, ಮೇಕೆಗೆ ಇನ್ನೊಂದು ತೊಂದರೆ ಇದೆ. ಅವುಗಳ ಮೊದಲ ಹೊಟ್ಟೆಯಲ್ಲಿರೋ ಸೂಕ್ಷ್ಮಜೀವಿಗಳ ಹತ್ತಿರವೂ ಈ ಗಂಟು ಬಿಚ್ಚೋ ಕಿಣ್ವ ಇದೆ. ಹಾಗಾಗಿ ಮೆಲುಕು ಹಾಕೋ ಪ್ರಾಣಿಗಳಿಗೆ ಕುದುರೆ, ಹಂದಿಗಿಂತ ಅಪಾಯ ಜಾಸ್ತಿ.

ರಕ್ತಕ್ಕೆ ಸೇರಿದ ಸಯನೈಡ್, ಜೀವಕೋಶಗಳು ಆಮ್ಲಜನಕ ಬಳಸೋದನ್ನೇ ನಿಲ್ಲಿಸಿಬಿಡುತ್ತೆ. ರಕ್ತದಲ್ಲಿ ಆಮ್ಲಜನಕ ತುಂಬಿರುತ್ತೆ, ಆದರೆ ಜೀವಕೋಶಕ್ಕೆ ಅದನ್ನು ಬಳಸೋಕೆ ಆಗಲ್ಲ. ಬಾವಿ ತುಂಬ ನೀರಿದ್ದು ಮೋಟರ್ ಸುಟ್ಟುಹೋದ ಹಾಗೆ. ಬಳಕೆ ಆಗದ ಆಮ್ಲಜನಕ ರಕ್ತದಲ್ಲೇ ಉಳಿಯೋದರಿಂದ ರಕ್ತ, ವಸಡು, ಕಣ್ಣಿನ ಒಳಪದರ ಢಾಳಾದ ಕೆಂಪಾಗಿ ಕಾಣುತ್ತೆ. ಅವತ್ತು ಡಾಕ್ಟರ್ ವಸಡು ನೋಡಿದ್ದು ಇದಕ್ಕೇ.

ಗಿಡ ಯಾವಾಗ ಜಾಸ್ತಿ ಮಾಡ್ಕೊಳ್ಳುತ್ತೆ?

ಗಿಡಕ್ಕೆ ನಮ್ಮ ದನದ ಮೇಲೆ ಸಿಟ್ಟಿಲ್ಲ. ಎಳೆ ವಯಸ್ಸಿನಲ್ಲಿ ತಿನ್ನೋರಿಂದ ತಪ್ಪಿಸ್ಕೊಳ್ಳೋಕೆ, ಜೊತೆಗೆ ಸಾರಜನಕವನ್ನು ಕೂಡಿಟ್ಟುಕೊಳ್ಳೋಕೆ ಅದು ಧುರಿನ್ ಮಾಡುತ್ತೆ. ಇದನ್ನು ತಿಳ್ಕೊಂಡರೆ ಅಪಾಯದ ಸಮಯ ಯಾವುದು ಅಂತ ಬಾಯಿಪಾಠ ಮಾಡೋದೇ ಬೇಕಿಲ್ಲ.

* ಎಳೆ ಗಿಡ: ಮೊಳಕೆಯಿಂದ ಮೊಣಕಾಲುದ್ದದವರೆಗೆ ಅತಿ ಹೆಚ್ಚು. ಗಿಡ ಬೆಳೆದ ಹಾಗೆ ಪ್ರಮಾಣ ಇಳಿಯುತ್ತೆ.
* ಕೂಳೆ ಚಿಗುರು: ಬುಡ ಹಳೆಯದು, ಆದರೆ ಚಿಗುರು ಎಳೆಯದು. ಗಿಡದ ವಯಸ್ಸು ನೋಡಬೇಡಿ, ಚಿಗುರಿನ ವಯಸ್ಸು ನೋಡಿ.
* ಬರಕ್ಕೆ ಸಿಕ್ಕ ಬೆಳೆ: ನೀರಿಲ್ಲದೆ ಗಿಡ ಕುಗ್ಗಿ ನಿಂತಾಗ ಧುರಿನ್ ಉಳ್ಕೊಳ್ಳುತ್ತೆ. ಎರಡು ತಿಂಗಳ ಬೆಳೆ ಆದರೂ ಗೇಣುದ್ದವೇ ಇದ್ದರೆ ಅದನ್ನು ಎಳೆ ಗಿಡ ಅಂತಲೇ ಲೆಕ್ಕ ಹಾಕಿ.
* ಬರದ ನಂತರ ಬಿದ್ದ ಮಳೆ: ಒಮ್ಮೆಲೇ ಬರೋ ಹೊಸ ಚಿಗುರು ಎಲ್ಲಕ್ಕಿಂತ ಅಪಾಯ. ನಮ್ಮ ಎತ್ತು ತಿಂದಿದ್ದು ಇದನ್ನೇ.
* ಯೂರಿಯಾ ಜಾಸ್ತಿ: ಧುರಿನ್ ಮಾಡೋಕೆ ಸಾರಜನಕ ಬೇಕು. ರಂಜಕ ಕೊಡದೆ ಬರೀ ಯೂರಿಯಾ ಸುರಿದ ಹೊಲದಲ್ಲಿ ಪ್ರಮಾಣ ಏರುತ್ತೆ.
* ಎಲೆ: ದಂಟಿಗಿಂತ ಎಲೆಯಲ್ಲಿ, ಅದರಲ್ಲೂ ಮೇಲಿನ ಎಳೆ ಎಲೆಗಳಲ್ಲಿ ಜಾಸ್ತಿ. ಮೇಕೆ ಆರಿಸಿ ಆರಿಸಿ ತಿನ್ನೋದು ಇದನ್ನೇ.

ಅಮೆರಿಕದ ವಿಡಿಯೋಗಳಲ್ಲಿ ಹಿಮ ಬಿದ್ದ ಮೇಲೆ ಜೋಳ ಮೇಯಿಸಬೇಡಿ ಅಂತ ಹೇಳ್ತಾರೆ. ಅದು ಅವರ ಊರಿಗೆ ಸರಿ. ನಮ್ಮ ಬಯಲುಸೀಮೆಗೆ ಹಿಮದ ಜಾಗದಲ್ಲಿ ಅಡ್ಡಮಳೆ ಅಂತ ಓದ್ಕೊಳ್ಳಿ.

ಪಿಪಿಎಂ ಓದೋದು ಹೇಗೆ?

ಬೀಜದ ಮಾಹಿತಿ ಹಾಳೆಯಲ್ಲಿ, ಪ್ರಯೋಗಾಲಯದ ವರದಿಯಲ್ಲಿ 'ಎಚ್‌ಸಿಎನ್ ಇಷ್ಟು ಪಿಪಿಎಂ' ಅಂತ ಬರುತ್ತೆ. ಒಂದು ಪಿಪಿಎಂ ಅಂದ್ರೆ ಒಂದು ಕಿಲೋ ಮೇವಿನಲ್ಲಿ ಒಂದು ಮಿಲಿಗ್ರಾಂ. ಇಲ್ಲಿ ಎರಡು ಕಡೆ ಎಡವುತ್ತಾರೆ.

ಮೊದಲನೇದು, ಹಸಿ ತೂಕವೋ ಒಣ ತೂಕವೋ ಅನ್ನೋದು. ಒಣ ತೂಕದ ಲೆಕ್ಕದಲ್ಲಿ 500 ಪಿಪಿಎಂ ಒಳಗಿದ್ದರೆ ಸಾಮಾನ್ಯವಾಗಿ ತೊಂದರೆ ಇಲ್ಲ. 500ರಿಂದ 1,000ದವರೆಗೆ ಎಚ್ಚರಿಕೆ ಬೇಕು. 1,000 ದಾಟಿದರೆ ಹಸಿಯಾಗಿ ಹಾಕಲೇಬಾರದು. ಹಸಿ ತೂಕದ ಲೆಕ್ಕ ಆದರೆ 200 ಪಿಪಿಎಂ ಅನ್ನೋದೇ ಅಪಾಯದ ಗಡಿ. ವರದಿಯಲ್ಲಿ 300 ಅಂತ ಇದ್ದರೆ, ಒಣ ತೂಕಕ್ಕೆ ಅದು ಕ್ಷೇಮ, ಹಸಿ ತೂಕಕ್ಕೆ ಅದು ಸಾವು. ಅದಕ್ಕೇ 'ಯಾವ ತೂಕದ ಮೇಲೆ?' ಅಂತ ಕೇಳದೆ ಅಂಕಿ ನಂಬಬೇಡಿ.

ಎರಡನೇದು, ಅಂಕಿ ಧುರಿನ್‌ನದೋ ಎಚ್‌ಸಿಎನ್‌ನದೋ ಅನ್ನೋದು. ಧುರಿನ್ ದೊಡ್ಡ ಅಣು, ಅದರಿಂದ ಹೊರಬರೋ ಎಚ್‌ಸಿಎನ್ ಚಿಕ್ಕದು. 311 ಗ್ರಾಂ ಧುರಿನ್ ಪೂರ್ತಿ ಒಡೆದರೆ 27 ಗ್ರಾಂ ಎಚ್‌ಸಿಎನ್ ಸಿಗುತ್ತೆ. ಅಂದ್ರೆ ಹೆಚ್ಚುಕಡಿಮೆ ಹನ್ನೊಂದೂವರೆ ಪಟ್ಟು ವ್ಯತ್ಯಾಸ. ಯಾವುದೋ ಲೇಖನದಲ್ಲಿ ಧುರಿನ್ 5,760 ಪಿಪಿಎಂ ಅಂತ ನೋಡಿ ಗಾಬರಿ ಆಗಬೇಡಿ. ಅದು ಸುಮಾರು 500 ಪಿಪಿಎಂ ಎಚ್‌ಸಿಎನ್‌ಗೆ ಸಮ.

ಈಗ ನಮ್ಮ ಎತ್ತಿನ ಲೆಕ್ಕ ನೋಡೋಣ. ಸಯನೈಡ್ ದೇಹದ ಒಂದು ಕಿಲೋ ತೂಕಕ್ಕೆ ಸುಮಾರು 2 ಮಿಲಿಗ್ರಾಂ ಒಮ್ಮೆಲೇ ಸೇರಿದರೆ ದನ ಸಾಯುತ್ತೆ. 300 ಕಿಲೋ ತೂಕದ ಎತ್ತಿಗೆ 600 ಮಿಲಿಗ್ರಾಂ ಸಾಕು. ಕೂಳೆ ಚಿಗುರಿನಲ್ಲಿ ಒಣ ತೂಕಕ್ಕೆ 1,000 ಪಿಪಿಎಂ ಇತ್ತು ಅಂತ ಇಟ್ಟುಕೊಳ್ಳಿ. ಎಳೆ ಮೇವಿನಲ್ಲಿ ಒಣ ಭಾಗ ಐದರಲ್ಲಿ ಒಂದು ಅಂತ ಹಿಡಿದರೆ, ಒಂದು ಕಿಲೋ ಹಸಿ ಮೇವಿನಲ್ಲಿ 200 ಮಿಲಿಗ್ರಾಂ ಆಯ್ತು. 600 ಭಾಗಿಸು 200, ಅಂದ್ರೆ 3 ಕಿಲೋ. ಹಸಿದ ಎತ್ತು 3 ಕಿಲೋ ಎಳೆ ಚಿಗುರು ತಿನ್ನೋಕೆ ಎಷ್ಟು ಹೊತ್ತು ಬೇಕು? ನೀವೇ ಯೋಚಿಸಿ.

ಇಲ್ಲಿ 'ಒಮ್ಮೆಲೇ' ಅನ್ನೋ ಮಾತು ಮುಖ್ಯ. ದನದ ದೇಹ ಸ್ವಲ್ಪ ಸ್ವಲ್ಪ ಸಯನೈಡನ್ನು ಗಂಧಕದ ಜೊತೆ ಸೇರಿಸಿ ನಿರಪಾಯ ಮಾಡಿ ಮೂತ್ರದಲ್ಲಿ ಹೊರಹಾಕುತ್ತೆ. ನಿಧಾನಕ್ಕೆ, ಬೇರೆ ಮೇವಿನ ಜೊತೆ ತಿಂದರೆ ತಡ್ಕೊಳ್ಳುತ್ತೆ. ಖಾಲಿ ಹೊಟ್ಟೆಗೆ ಗಬಗಬ ತಿಂದರೆ ತಡೆಯಲ್ಲ. 'ಅವರ ದನ ತಿಂದು ಏನೂ ಆಗಲಿಲ್ಲ, ನಮ್ಮದು ಸತ್ತಿತು' ಅನ್ನೋದಕ್ಕೆ ಕಾರಣ ಬಹಳ ಸಲ ಇದೇ.

ಹಾಗಾದರೆ ಜೋಳದ ಮೇವು ಹೇಗೆ ಕೊಡೋದು?

1. ಹಸಿ ಜೋಳವನ್ನು ಹೂ ಬರೋ ಹೊತ್ತಿಗೆ ಕೊಯ್ಯಿರಿ. ಹೊಲದಲ್ಲಿ ಅರ್ಧದಷ್ಟು ಗಿಡ ಹೂ ಬಿಟ್ಟಿದ್ದರೆ ಅದು ಒಳ್ಳೆ ಸಮಯ. ಪೌಷ್ಟಿಕಾಂಶವೂ ಇರುತ್ತೆ, ಧುರಿನ್ನೂ ಇಳಿದಿರುತ್ತೆ. ಏನೇ ಆದರೂ 45-50 ದಿನದ ಒಳಗೆ ಹಸಿಯಾಗಿ ಹಾಕಬೇಡಿ.

2. ಸಿಒಎಫ್‌ಎಸ್-29 ತರಹದ ಬಹುಕಟಾವಿನ ತಳಿ ಹಾಕಿದ್ದರೆ ಆ ತಳಿಗೆ ಹೇಳಿದ ಕಟಾವಿನ ಅಂತರ ಪಾಲಿಸಿ. ಮೇವು ಸಾಲ್ತಿಲ್ಲ ಅಂತ ಮುಂಚೆ ಕೈ ಹಾಕಬೇಡಿ.

3. ಬೆಳೆ ಬಾಡಿ ನಿಂತಿದ್ದರೆ ಮೊದಲು ನೀರು ಕೊಡಿ. ನೀರು ಕೊಟ್ಟ ಮರುದಿನವೇ ಕೊಯ್ಯಬೇಡಿ. ಗಿಡ ಚೇತರಿಸ್ಕೊಂಡು ಬೆಳೆಯೋಕೆ ಎರಡು ವಾರನಾದರೂ ಬಿಡಿ.

4. ಕೊಯ್ಲಾದ ಹೊಲಕ್ಕೆ ಮಳೆ ಬಿದ್ದು ಕೂಳೆ ಚಿಗುರಿದ್ದರೆ ಆ ಕಡೆ ದನ ಬಿಡಬೇಡಿ. ಆದಷ್ಟು ಬೇಗ ಕುಂಟೆ ಹೊಡೆದು ಬುಡ ಕಿತ್ತುಬಿಡಿ. ನಿಮ್ಮ ದನ ಅಷ್ಟೇ ಅಲ್ಲ, ಊರ ದನಗಳೂ ಅಲ್ಲಿಗೆ ಬರ್ತವೆ.

5. ಹಸಿದ ದನವನ್ನು ಹಸಿ ಜೋಳಕ್ಕೆ ಬಿಡಬೇಡಿ. ಮೊದಲು ಒಣಮೇವು ತಿನ್ನಿಸಿ. ಹಸಿ ಜೋಳವನ್ನು ಒಣಮೇವಿನ ಜೊತೆ ಬೆರೆಸಿ, ಮೊದಲ ದಿನ ಸ್ವಲ್ಪ ಹಾಕಿ ನೋಡಿ.

6. ಸಜ್ಜೆಯಲ್ಲಿ ಈ ತೊಂದರೆ ಇಲ್ಲ. ಬೇಗ ಹಸಿಮೇವು ಬೇಕು, ನೀರಿನ ಭರವಸೆ ಇಲ್ಲ ಅನ್ನೋರು ಮೇವಿನ ಸಜ್ಜೆ ಬಗ್ಗೆ ಯೋಚಿಸಬಹುದು.

ಒಣಗಿಸಿದರೆ ಹೋಗುತ್ತಾ?

ಹೋಗುತ್ತೆ, ಆದರೆ ಪೂರ್ತಿ ಒಣಗಬೇಕು. ಎಚ್‌ಸಿಎನ್ ಸುಮಾರು 26 ಡಿಗ್ರಿಗೇ ಕುದಿಯೋ ವಸ್ತು. ಅದು ಹೊರಬಂದರೆ ನಮ್ಮ ಬಿಸಿಲಿಗೆ ಗಾಳಿಗೆ ಹಾರಿಹೋಗುತ್ತೆ. ಚೆನ್ನಾಗಿ ಒಣಗಿಸಿದ ಮೇವಿನಲ್ಲಿ ಪ್ರಮಾಣ ತುಂಬ ಕಡಿಮೆ ಆಗಿರುತ್ತೆ. ಬೆಳೆದು ನಿಂತ ಜೋಳದ ಕಣಿಕೆ, ಮೈಸೂರು ಕಡೆಯವರು ಸೊಪ್ಪೆ ಅಂತೀರಲ್ಲ, ಅದನ್ನು ತಲೆತಲಾಂತರದಿಂದ ಹಾಕ್ತಾ ಬಂದಿದ್ದೀವಿ. ಅದಕ್ಕೆ ಹೆದರೋದು ಬೇಡ.

ಅರೆಬಾಡಿದ ಮೇವು ಮಾತ್ರ ಅಪಾಯ. ಬೆಳಗ್ಗೆ ಕೊಯ್ದು ಸಂಜೆಗೆ ಹಾಕಿದರೆ ಒಣಗಿಸಿದ ಹಾಗೆ ಆಗಲ್ಲ. ಬಾಡುವಾಗ ಜೀವಕೋಶದ ಗೋಡೆ ಒಡೆದಿರುತ್ತೆ, ಎಚ್‌ಸಿಎನ್ ಹೊರಬರ್ತಾ ಇರುತ್ತೆ, ಆದರೆ ಇನ್ನೂ ಹಾರಿಹೋಗಿರಲ್ಲ. ಕತ್ತರಿಸಿ ಹಾಕೋದೂ ಹಾಗೇ. ಅಪಾಯದ ಮೇವನ್ನು ಕತ್ತರಿಸಿದರೆ ವಿಷ ಕಡಿಮೆ ಆಗಲ್ಲ. ದನ ಬೇಗ ಬೇಗ, ಎಲೆಯೂ ದಂಟೂ ಸೇರಿಸಿ ತಿನ್ನುತ್ತೆ, ಅಷ್ಟೇ.

ರಸಮೇವು ಮಾಡಿದರೆ ಹುದುಗುವಾಗ ಮತ್ತು ಗುಂಡಿ ತೆಗೆದು ಹರಡಿದಾಗ ಎಚ್‌ಸಿಎನ್ ಸಾಕಷ್ಟು ಇಳಿಯುತ್ತೆ. ಮುಚ್ಚಿದ ಮೇಲೆ ಕನಿಷ್ಠ 4 ವಾರ ಬಿಡಿ, ಇನ್ನೆರಡು ವಾರ ಬಿಟ್ಟರೆ ಇನ್ನೂ ಒಳ್ಳೇದು. ಹಾಕೋ ಮುಂಚೆ ಸ್ವಲ್ಪ ಹೊತ್ತು ಗಾಳಿಗೆ ಹರಡಿ.

ನೈಟ್ರೇಟ್ ಬೇರೆ, ಸಯನೈಡ್ ಬೇರೆ

ಬರದ ಜೋಳದಲ್ಲಿ ಇನ್ನೊಂದು ವಿಷವೂ ಕೂತಿರಬಹುದು, ಅದು ನೈಟ್ರೇಟ್. ಇದು ಗ್ಲೈಕೋಸೈಡ್ ಅಲ್ಲ. ಯೂರಿಯಾ, ಗೊಬ್ಬರದಿಂದ ಹೀರ್ಕೊಂಡ ಸಾರಜನಕ ಗಿಡದಲ್ಲಿ ಬಳಕೆ ಆಗದೆ ಉಳಿದದ್ದು. ಮೆಕ್ಕೆಜೋಳ, ಸಜ್ಜೆಯಲ್ಲೂ ಬರಬಹುದು. ಇಬ್ಬರನ್ನೂ ಒಂದೇ ಅಂದುಕೊಂಡರೆ ಕಷ್ಟ. ವ್ಯತ್ಯಾಸ ಹೀಗಿದೆ:

* ಸಯನೈಡ್ ಎಲೆಯಲ್ಲಿ ಜಾಸ್ತಿ. ನೈಟ್ರೇಟ್ ದಂಟಿನ ಬುಡದಲ್ಲಿ ಜಾಸ್ತಿ.
* ಸಯನೈಡ್ ಒಣಗಿಸಿದರೆ ಹೋಗುತ್ತೆ. ನೈಟ್ರೇಟ್ ಒಣಗಿಸಿದರೂ ಹೋಗಲ್ಲ, ಕಣಿಕೆಯಲ್ಲೂ ಹಾಗೇ ಇರುತ್ತೆ.
* ಸಯನೈಡ್‌ನಲ್ಲಿ ರಕ್ತ ಢಾಳಾದ ಕೆಂಪು. ನೈಟ್ರೇಟ್‌ನಲ್ಲಿ ರಕ್ತ ಚಾಕೊಲೇಟ್ ತರಹ ಕಂದು.
* ಔಷಧಿಯೂ ಬೇರೆ. ಸಯನೈಡ್‌ಗೆ ಪಶುವೈದ್ಯರು ಸೋಡಿಯಂ ನೈಟ್ರೈಟ್ ಮತ್ತು ಸೋಡಿಯಂ ಥಯೋಸಲ್ಫೇಟ್ ಅನ್ನು ರಕ್ತನಾಳಕ್ಕೆ ಕೊಡ್ತಾರೆ. ನೈಟ್ರೇಟ್ ವಿಷಕ್ಕೆ ಮೆಥಿಲೀನ್ ಬ್ಲೂ ಕೊಡ್ತಾರೆ. ನೈಟ್ರೇಟ್ ವಿಷ ಆದ ದನಕ್ಕೆ ತಪ್ಪಿ ಸೋಡಿಯಂ ನೈಟ್ರೈಟ್ ಕೊಟ್ಟರೆ ಪರಿಸ್ಥಿತಿ ಇನ್ನೂ ಕೆಡುತ್ತೆ.

ಅದಕ್ಕೇ ಚಿಕಿತ್ಸೆ ನಮ್ಮ ಕೆಲಸ ಅಲ್ಲ. ದನ ಏನು ತಿಂದಿದೆ ಅಂತ ಡಾಕ್ಟರ್‌ಗೆ ಸರಿಯಾಗಿ ಹೇಳೋದು ನಮ್ಮ ಕೆಲಸ.

ದನಕ್ಕೆ ತಗುಲಿದೆ ಅನ್ನಿಸಿದರೆ

ತಿಂದ ಹತ್ತಿಪ್ಪತ್ತು ನಿಮಿಷದಲ್ಲೇ ಲಕ್ಷಣ ಕಾಣಬಹುದು. ಏದುಸಿರು, ಜೊಲ್ಲು ಅಥವಾ ನೊರೆ, ಮೈ ನಡುಕ, ತತ್ತರಿಸೋದು, ಬಿದ್ದು ಒದ್ದಾಡೋದು, ವಸಡು ಕೆಂಪಾಗೋದು. ಹೀಗೆ ಮಾಡಿ:

* ತಕ್ಷಣ 1962ಕ್ಕೆ ಇಲ್ಲವೇ ನಿಮ್ಮೂರಿನ ಪಶುವೈದ್ಯರಿಗೆ ಫೋನ್ ಮಾಡಿ. 'ದನಕ್ಕೆ ಹುಷಾರಿಲ್ಲ' ಅನ್ನಬೇಡಿ. 'ಎಳೆ ಜೋಳ ತಿಂದಿದೆ, ಇಷ್ಟು ನಿಮಿಷ ಆಯ್ತು, ವಸಡು ಕೆಂಪಿದೆ, ಸಯನೈಡ್ ಅನ್ನೋ ಅನುಮಾನ' ಅಂತ ಹೇಳಿ. ಆಗ ಅವರು ಬೇಕಾದ ಔಷಧಿ ತಗೊಂಡೇ ಹೊರಡ್ತಾರೆ.
* ಉಳಿದ ದನಗಳನ್ನು ಆ ಹೊಲದಿಂದ ಹೊರಗೆ ತನ್ನಿ. ಓಡಿಸಬೇಡಿ, ನಿಧಾನ.
* ಬಿದ್ದ ದನವನ್ನು ಎಬ್ಬಿಸಿ ನಡೆಸಬೇಡಿ. ಎಣ್ಣೆ, ಮಜ್ಜಿಗೆ, ಬೆಲ್ಲದ ನೀರು ಅಂತ ಗೊಟ್ಟ ಹಾಕಬೇಡಿ. ಏದುಸಿರು ಬಿಡೋ ದನಕ್ಕೆ ಕುಡಿಸಿದ್ದು ಶ್ವಾಸಕೋಶಕ್ಕೆ ಹೋಗುತ್ತೆ.
* ದನ ತಿಂದ ಗಿಡದ ಫೋಟೋ ತೆಗೆದು ಡಾಕ್ಟರ್‌ಗೆ ಕಳಿಸಿ. ಫೋನ್ ಕೈಯಲ್ಲೇ ಇದೆಯಲ್ಲ, ಇಂಥ ಹೊತ್ತಿಗೆ ಉಪಯೋಗಿಸಿ.

ಸಮಯಕ್ಕೆ ಇಂಜೆಕ್ಷನ್ ಬಿದ್ದರೆ ಬಿದ್ದ ದನವೂ ಎದ್ದು ನಿಲ್ಲುತ್ತೆ.

ನಾವು ತಿನ್ನೋ ರೊಟ್ಟಿ?

ರೊಟ್ಟಿ ನಿಶ್ಚಿಂತೆಯಿಂದ ತಿನ್ನಿ. ಬಲಿತು ಒಣಗಿದ ಜೋಳದ ಕಾಳಿನಲ್ಲಿ ಧುರಿನ್ ಲೆಕ್ಕಕ್ಕೆ ಬರೋಷ್ಟು ಇರಲ್ಲ. ಮೊಳಕೆ ಬಂದಾಗ ಮಾತ್ರ ಮೊಳಕೆಯ ಚಿಗುರಿನಲ್ಲಿ ಹೊಸದಾಗಿ, ಜೋರಾಗಿ ತಯಾರಾಗುತ್ತೆ. ಹೆಸರುಕಾಳಿನ ಹಾಗೆ ಜೋಳವನ್ನು ಮೊಳಕೆ ಕಟ್ಟಿ ಹಸಿಯಾಗಿ ತಿನ್ನೋದು ಬೇಡ.

ಇದೇ ಗುಂಪಿನ ಇನ್ನೊಂದು ವಸ್ತು ಲಿನಮಾರಿನ್. ಅದು ಮರಗೆಣಸಿನಲ್ಲಿ, ಅಗಸೆಯಲ್ಲಿ ಇದೆ. ಮರಗೆಣಸಿನ ಗಡ್ಡೆಯನ್ನು ಸಿಪ್ಪೆ ತೆಗೆದು, ಚೆನ್ನಾಗಿ ಬೇಯಿಸಿ, ನೀರು ಬಸಿದು ತಿನ್ನೋದು ಇದಕ್ಕೇ. ಮರಗೆಣಸಿನ ಹಸಿ ಸೊಪ್ಪನ್ನು ಮೇಕೆಗೆ ಹೊರೆಗಟ್ಟಲೆ ಹಾಕಬಾರದು ಅನ್ನೋದೂ ಇದಕ್ಕೇ.

ಕೊನೆಗೆ

ಡಿಪ್ಲೊಮಾ ತರಗತಿಯಲ್ಲಿ ಈ ಪದ ಕೇಳಿದ ವಾರವೇ ಊರಿಗೆ ಹೋಗಿ ಅಪ್ಪನಿಗೆ ಎಲ್ಲ ಬಿಡಿಸಿ ಹೇಳಿದೆ. ಸಯನೈಡ್ ಯಾರೂ ಹೊರಗಿಂದ ತಂದು ಹಾಕಿದ್ದಲ್ಲ, ನಮ್ಮ ಜೋಳವೇ ಹುಟ್ಟಿಸಿದ್ದು ಅಂತ. ಅವರು ಬಹಳ ಹೊತ್ತು ಏನೂ ಮಾತಾಡಲಿಲ್ಲ. "ಹಂಗಾರ ಆ ಅಜ್ಜ ಹೇಳಿದ್ದು ಖರೇನ" ಅಂದರು. ಮರುದಿನ ಬೆಳಗ್ಗೆ ನಾನು ಹೊಲಕ್ಕೆ ಹೋದಾಗ ಅಪ್ಪ ಮತ್ತು ಪಕ್ಕದ ಹೊಲದವರು ಅದೇ ತಕರಾರಿನ ಬದುವಿನ ಮೇಲೆ ಕೂತು ಎಲೆಅಡಿಕೆ ಹಾಕ್ತಿದ್ದರು. ಏನು ಮಾತಾಡಿಕೊಂಡರು ಅಂತ ನಾನು ಕೇಳಲಿಲ್ಲ.

ಫೋನ್ ಮಾಡಿದ ಹುಡುಗನಿಗೂ ಇದನ್ನೇ ಹೇಳಿದೆ. ಜೋಳ ಬಿತ್ತು, ಹೆದರಬೇಡ. ಅದರಲ್ಲಿ ಇರೋದು ಸಯನೈಡ್ ಅಲ್ಲ, ಸಯನೈಡ್ ಜನಕ. ಹೂ ಬರೋವರೆಗೆ ಕಾಯಿ, ಹಸಿದ ದನ ಬಿಡಬೇಡ, ಮಳೆ ಬಿದ್ದ ಕೂಳೆಯನ್ನು ಕಿತ್ತು ಹಾಕು. ಅವನು ಈಗ ಅರ್ಧ ಎಕರೆ ಬಿತ್ತಿದ್ದಾನೆ.

ನಿಮ್ಮ ಹೊಲದಲ್ಲಿ ಈಗ ಕೂಳೆ ಚಿಗುರಿದೆಯಾ? ಇವತ್ತೇ ಹೋಗಿ ಒಮ್ಮೆ ನೋಡ್ಕೊಂಡು ಬನ್ನಿ. ಮುಂದಿನ ವಾರ ಇನ್ನೊಂದು ವಿಷಯದ ಜೊತೆ ಸಿಗೋಣ.